ಅರ್ಕಾ ಶ್ಯಾಮ್: ಎರಡು ದ್ರಾಕ್ಷಿಗಳ ಸಂಕರ

ಬೇಸಿಗೆ ಆರಂಭವಾದೊಡನೆ ಶಿವಮೊಗ್ಗ, ಭದ್ರಾವತಿಗಳ ಬೀದಿಗಳಲ್ಲಿ ದ್ರಾಕ್ಷಿ ತುಂಬಿದ ತಳ್ಳುಗಾಡಿಗಳನ್ನು ನೀವು ನೋಡಿರುತ್ತೀರಿ. ಅವುಗಳಲ್ಲಿ ಹೆಚ್ಚಿನವು ಬಯಲುಸೀಮೆಯಿಂದ ಬಂದ ಹಣ್ಣುಗಳು. ಅಡಿಕೆ, ಭತ್ತ ಹುಲುಸಾಗಿ ಬೆಳೆಯುವ ಈ ಭಾಗದಲ್ಲಿ ದ್ರಾಕ್ಷಿ ತೋಟ ಅಪರೂಪವೇಕೆ? ಮುಖ್ಯ ಕಾರಣ ಮಳೆ. ಬಹುಕಾಲ ಒದ್ದೆಯಾಗಿರುವ ಚಿಗುರು, ಎಲೆ, ಕಾಯಿಗಳ ಮೇಲೆ ಶಿಲೀಂಧ್ರಗಳು ಸುಲಭವಾಗಿ ಬೆಳೆಯುತ್ತವೆ. ಚಿಬ್ಬು ರೋಗ ಬರುವುದು ಹೀಗೆಯೇ. ಅದನ್ನು ತಡೆಯಲು ಬೆಳೆಗಾರ ಮತ್ತೆ ಮತ್ತೆ ಶಿಲೀಂಧ್ರನಾಶಕ ಸಿಂಪಡಿಸಬೇಕು. ಖರ್ಚು ಏರುತ್ತದೆ; ಹಣ್ಣಿನಲ್ಲಿ ರಾಸಾಯನಿಕದ ಶೇಷ ಉಳಿಯುವ ಭಯವೂ ಉಂಟು.

ರೋಗವನ್ನು ತಾಳಿಕೊಳ್ಳುವ ಬಳ್ಳಿಯನ್ನೇ ಪಡೆಯಲು ಸಾಧ್ಯವಿಲ್ಲವೆ? ಇದಕ್ಕೊಂದು ಉತ್ತರ, ಹೆಸರಘಟ್ಟದ ಭಾರತೀಯ ತೋಟಗಾರಿಕೆ ಸಂಶೋಧನಾ ಸಂಸ್ಥೆ ರೂಪಿಸಿದ 'ಅರ್ಕಾ ಶ್ಯಾಮ್'. ಬೆಂಗಳೂರು ನೀಲಿ ಮತ್ತು ಬ್ಲ್ಯಾಕ್ ಚಂಪಾ ಇದರ ಜನಕ ತಳಿಗಳು. 2013ರಲ್ಲಿ ಭೌಗೋಳಿಕ ಸೂಚಿಕೆ ಪಡೆದ ಬೆಂಗಳೂರು ನೀಲಿಯ ವಂಶದಲ್ಲಿ ಅಮೆರಿಕದ ಲಾಬ್ರಸ್ಕ ಪ್ರಭೇದದ ಅಂಶವಿದೆ. ಅದರ ಗಡಸುತನಕ್ಕೂ ವಿಶಿಷ್ಟ ಗಮಲಿಗೂ ಮೂಲ ಇದೇ. ಗಮಲಿಗೆ ಮುಖ್ಯ ಕಾರಣ ಮೀಥೈಲ್ ಆಂಥ್ರನಿಲೇಟ್ ಎಂಬ ಸಂಯುಕ್ತ.

ಸಂಕರಣ ಹೇಗೆ? ದ್ರಾಕ್ಷಿಯ ಹೂದಳಗಳು ಕೂಡಿಕೊಂಡು ಪುಟ್ಟ ಟೊಪ್ಪಿಗೆಯಂತಿರುತ್ತವೆ. ಅದು ಕಳಚಿಬೀಳುವ ಮೊದಲೇ ಚಿಮುಟದಿಂದ ಅದನ್ನೂ ಕೇಸರಗಳನ್ನೂ ತೆಗೆಯುತ್ತಾರೆ. ಇನ್ನೊಂದು ತಳಿಯ ಪರಾಗವನ್ನು ಶಲಾಕಾಗ್ರಕ್ಕೆ ಸವರಿ, ಗೊಂಚಲಿಗೆ ಚೀಲ ಕಟ್ಟುತ್ತಾರೆ. ಮುಂದೆ ದೊರೆಯುವ ಬೀಜಗಳಿಂದ ಸಸಿಗಳನ್ನು ಬೆಳೆಸುತ್ತಾರೆ.

ಭದ್ರಾವತಿಯ ಉಕ್ಕಿನ ಕಾರ್ಖಾನೆ ಮಿಶ್ರಲೋಹ ಉಕ್ಕಿಗೆ ಹೆಸರಾದದ್ದು. ಲೋಹಗಳನ್ನು ಅದೇ ಪ್ರಮಾಣದಲ್ಲಿ ಬೆರೆಸಿ ಅದೇ ರೀತಿ ಸಂಸ್ಕರಿಸಿದರೆ ಪ್ರತಿ ಸಲವೂ ಅದೇ ಉಕ್ಕು ಸಿಗುತ್ತದೆ. ಸಂಕರಣ ಹಾಗಲ್ಲ. ಜೀನುಗಳು ಕರಗಿ ಒಂದಾಗುವುದಿಲ್ಲ. ಪ್ರತಿ ಬೀಜದಲ್ಲೂ ಬೇರೆ ಬೇರೆ ರೀತಿಯಲ್ಲಿ ಜೋಡಣೆಯಾಗುತ್ತವೆ. ಒಂದು ಸಸಿಗೆ ರೋಗ ತಾಳುವ ಗುಣ ಬಂದು ರುಚಿ ಬಾರದಿರಬಹುದು. ಆದ್ದರಿಂದಲೇ ಅನೇಕ ಸಸಿಗಳನ್ನು ಹಣ್ಣು ಬಿಡುವವರೆಗೆ ಬೆಳೆಸಿ, ಪರೀಕ್ಷಿಸಿ, ಒಂದನ್ನು ಆರಿಸಬೇಕು. ಆರಿಸಿದ್ದನ್ನು ಬೀಜದಿಂದಲ್ಲ, ಕಡ್ಡಿ ನೆಟ್ಟು ವೃದ್ಧಿಸಬೇಕು.

ಅರ್ಕಾ ಶ್ಯಾಮ್‌ನ ಹಣ್ಣು ಹೊಳೆಯುವ ಕಪ್ಪು, ಬೀಜವುಂಟು, ಗಮಲು ಸೌಮ್ಯ. ತಿನ್ನಲೂ ಕೆಂಪು ವೈನ್ ತಯಾರಿಸಲೂ ಒಗ್ಗುತ್ತದೆ. ಚಿಬ್ಬು ರೋಗವನ್ನು ತೋಟದಲ್ಲಿ ತಕ್ಕಮಟ್ಟಿಗೆ ಸಹಿಸುತ್ತದೆ. ಸಹಿಷ್ಣುತೆ ಎಂದರೆ ರೋಗ ಬರುವುದೇ ಇಲ್ಲ ಎಂದಲ್ಲ. ಇತರ ರೋಗಗಳಿಗೂ ಅದೇ ರಕ್ಷಣೆ ಎಂದೂ ಅಲ್ಲ.

ವೈನಿನ ಕೆಂಪು ಎಲ್ಲಿಂದ? ಸಿಪ್ಪೆಯಲ್ಲಿರುವ ಆಂಥೋಸಯನಿನ್ ವರ್ಣಕಗಳಿಂದ. ಅದಕ್ಕಾಗಿ ಸಿಪ್ಪೆಯೊಡನೆಯೇ ರಸವನ್ನು ಹುದುಗಿಸುತ್ತಾರೆ. ಯೀಸ್ಟ್ ಸಕ್ಕರೆಯನ್ನು ಆಲ್ಕೊಹಾಲ್ ಮತ್ತು ಕಾರ್ಬನ್ ಡೈಆಕ್ಸೈಡ್ ಆಗಿ ವಿಭಜಿಸುತ್ತದೆ. ಲೀಟರ್ ರಸದಲ್ಲಿರುವ ಪ್ರತಿ 17 ಗ್ರಾಂ ಸಕ್ಕರೆಗೆ ಸುಮಾರು ಶೇಕಡ 1ರಷ್ಟು ಆಲ್ಕೊಹಾಲ್ ಉಂಟಾಗುತ್ತದೆ. ಹಾಗಾದರೆ 220 ಗ್ರಾಂ ಇದ್ದರೆ ಎಷ್ಟು? ಲೆಕ್ಕ ಹಾಕಿ. ಇಷ್ಟಿದ್ದೂ ನಮ್ಮ ವೈನ್ ತಯಾರಕರ ಒಲವು ಕ್ಯಾಬರ್ನೆ ಸೊವಿನ್ಯೊನ್, ಶಿರಾಜ್‌ನಂಥ ಯುರೋಪಿನ ತಳಿಗಳ ಕಡೆಗೇ.

ತರಗತಿಯಲ್ಲೊಂದು ಪ್ರಯೋಗ ಮಾಡಿ. ಕಪ್ಪು ದ್ರಾಕ್ಷಿಯ ಸಿಪ್ಪೆ ಸುಲಿಯಿರಿ. ತಿರುಳು ಬಹುಮಟ್ಟಿಗೆ ಬಣ್ಣವಿಲ್ಲದ್ದು. ಸಿಪ್ಪೆಯನ್ನು ಬಿಸಿನೀರಿನಲ್ಲಿ ಹಿಸುಕಿ, ಬಣ್ಣದ ನೀರನ್ನು ಎರಡು ಲೋಟಗಳಿಗೆ ಸುರಿಯಿರಿ. ಒಂದಕ್ಕೆ ನಿಂಬೆರಸ, ಇನ್ನೊಂದಕ್ಕೆ ಅಡುಗೆ ಸೋಡ ಹಾಕಿ. ಎರಡರ ಬಣ್ಣವೂ ಬೇರೆಯಾಗುವುದನ್ನು ನೋಡುವಿರಿ. ಬಳಿಕ ವಿದ್ಯಾರ್ಥಿಗಳನ್ನು ಕೇಳಿ: ಅರ್ಕಾ ಶ್ಯಾಮ್‌ನ ಬೀಜ ಬಿತ್ತಿದರೆ ಅರ್ಕಾ ಶ್ಯಾಮೇ ಬರುವುದೆ?