ನಗಿಸಲು ಒಪ್ಪದ ಹಾಸ್ಯಗಾರ ಆಂಡಿ ಕಾಫ್‌ಮನ್

ವೇದಿಕೆಯ ಮೇಲೆ ಒಬ್ಬನೇ ನಿಂತು ಮಾತಿನಿಂದಲೇ ಸಭಿಕರನ್ನು ನಗಿಸುವ ಕಲೆಗೆ ಸ್ಟ್ಯಾಂಡಪ್ ಕಾಮಿಡಿ ಎಂದು ಹೆಸರು. ಇಲ್ಲಿ ಕಲಾವಿದನಿಗೂ ಸಭಿಕರಿಗೂ ನಡುವೆ ಅಲಿಖಿತ ಒಪ್ಪಂದವೊಂದಿರುತ್ತದೆ: ಆತ ಜೋಕು ಹೇಳಬೇಕು, ಇವರು ನಗಬೇಕು. ಈ ಒಪ್ಪಂದವನ್ನೇ ಮುರಿದು, ಆ ಮುರಿತದಿಂದಲೇ ಹಾಸ್ಯ ಹುಟ್ಟಿಸಿದವರು ಅಮೆರಿಕದ ಆಂಡಿ ಕಾಫ್‌ಮನ್.

1949ರಲ್ಲಿ ನ್ಯೂಯಾರ್ಕ್‌ನಲ್ಲಿ ಜನಿಸಿದ ಅವರು ದೇಶದ ಗಮನ ಸೆಳೆದದ್ದು 1975ರ ಅಕ್ಟೋಬರ್ 11ರಂದು. ಮುಂದೆ ‘ಸ್ಯಾಟರ್ಡೇ ನೈಟ್ ಲೈವ್’ ಎಂದು ಹೆಸರಾದ ಟಿವಿ ಕಾರ್ಯಕ್ರಮದ ಮೊದಲ ಕಂತು ಅಂದು ಪ್ರಸಾರವಾಯಿತು. ಕಾಫ್‌ಮನ್ ‘ಮೈಟಿ ಮೌಸ್’ ಎಂಬ ಕಾರ್ಟೂನಿನ ಹಾಡಿನ ರೆಕಾರ್ಡ್ ಹಾಕಿ, ಪಕ್ಕದಲ್ಲಿ ಸುಮ್ಮನೆ ನಿಂತರು. ಒಂದು ಸಾಲು ಬಂದಾಗ ಮಾತ್ರ ಕೈಯೆತ್ತಿ, ತಾವೇ ಹಾಡುತ್ತಿರುವಂತೆ ತುಟಿಯಾಡಿಸಿದರು. ಮತ್ತೆ ಮೌನ. ಆ ಸಾಲು ಮರಳುವವರೆಗಿನ ಕಸಿವಿಸಿಯೇ ಸಭಿಕರನ್ನು ನಗಿಸಿತು.

ಮುಂದೇನಾಗುವುದೆಂಬ ಸುಳಿವನ್ನು ಬಿಟ್ಟುಕೊಡದಿರುವುದೇ ಅವರ ವಿಧಾನದ ತಿರುಳು. ‘ವಿದೇಶಿ ಮನುಷ್ಯ’ನ ಪಾತ್ರದಲ್ಲಿ ಅವರು ಹರುಕುಮುರುಕು ಇಂಗ್ಲಿಷಿನಲ್ಲಿ ಗಣ್ಯರನ್ನು ಅನುಕರಿಸಲು ಹೋಗಿ ಸೋಲುತ್ತಿದ್ದರು. ಪಾಪವೆಂದು ಜನ ಮರುಗುತ್ತಿರುವಾಗಲೇ ಗಾಯಕ ಎಲ್ವಿಸ್ ಪ್ರೀಸ್ಲಿಯನ್ನು ಯಥಾವತ್ತಾಗಿ ಅನುಕರಿಸಿ ಬೆರಗುಗೊಳಿಸುತ್ತಿದ್ದರು. ಕೆಲವೆಡೆ ‘ದಿ ಗ್ರೇಟ್ ಗ್ಯಾಟ್ಸ್‌ಬಿ’ ಕಾದಂಬರಿಯನ್ನು ಗಂಭೀರವಾಗಿ ಓದತೊಡಗಿ, ಸಭಿಕರು ಕೂಗಾಡಿದರೂ ನಿಲ್ಲಿಸುತ್ತಿರಲಿಲ್ಲ. 1979ರ ಏಪ್ರಿಲ್‌ನಲ್ಲಿ ನ್ಯೂಯಾರ್ಕ್‌ನ ಕಾರ್ನೆಗಿ ಹಾಲ್‌ನಲ್ಲಿ ಪ್ರದರ್ಶನ ಮುಗಿದ ಮೇಲೆ ಪ್ರೇಕ್ಷಕರನ್ನು ಬಸ್ಸುಗಳಲ್ಲಿ ಕರೆದೊಯ್ದು ಹಾಲು, ಬಿಸ್ಕತ್ತು ಕೊಟ್ಟರು.

ಆಟ ಕ್ರಮೇಣ ಕಟುವಾಯಿತು. ಮಹಿಳೆಯರನ್ನು ಮೂದಲಿಸುತ್ತ ಅವರೊಡನೆ ಕುಸ್ತಿಗಿಳಿದರು. 1982ರ ಏಪ್ರಿಲ್‌ನಲ್ಲಿ ಮೆಂಫಿಸ್‌ನಲ್ಲಿ ವೃತ್ತಿಪರ ಕುಸ್ತಿಪಟು ಜೆರ್ರಿ ಲಾಲರ್ ಎದುರು ಸೆಣಸಿ ಕುತ್ತಿಗೆಗೆ ಪಟ್ಟಿ ಕಟ್ಟಿಸಿಕೊಂಡರು. ಆ ಹಗೆತನ ಇಬ್ಬರೂ ಸೇರಿ ಹೂಡಿದ ನಾಟಕವೆಂದು ಬಯಲಾದದ್ದು ಕಾಫ್‌ಮನ್ ನಿಧನರಾಗಿ ಎಷ್ಟೋ ವರ್ಷಗಳ ಬಳಿಕ. ಅದೇ ವರ್ಷದ ನವೆಂಬರ್‌ನಲ್ಲಿ, ಅವರು ‘ಸ್ಯಾಟರ್ಡೇ ನೈಟ್ ಲೈವ್’ನಲ್ಲಿ ಇರಬೇಕೇ ಬೇಡವೇ ಎಂದು ದೂರವಾಣಿ ಮೂಲಕ ವೀಕ್ಷಕರ ಮತ ಕೇಳಲಾಯಿತು. ಬೇಡವೆಂದವರು 1,95,544 ಮಂದಿ, ಬೇಕೆಂದವರು 1,69,186. ಆ ಕಾರ್ಯಕ್ರಮದ ವೇದಿಕೆಗೆ ಅವರು ಮತ್ತೆ ಬರಲಿಲ್ಲ.

ಇಂಥ ಹಾಸ್ಯಕ್ಕೆ ತೆರಬೇಕಾದ ಬೆಲೆ ದೊಡ್ಡದು. ಯಾವುದು ನಿಜ, ಯಾವುದು ನಟನೆ ಎಂದು ಕಾಫ್‌ಮನ್ ಎಂದೂ ಬಿಡಿಸಿ ಹೇಳಲಿಲ್ಲ. ಹೀಗಾಗಿ ಅವರಿಗೆ ಶ್ವಾಸಕೋಶದ ಕ್ಯಾನ್ಸರ್ ಎಂಬ ಸುದ್ದಿ ಬಂದಾಗ ಹಲವರು ಅದನ್ನೂ ಆಟವೆಂದೇ ಬಗೆದರು. 1984ರ ಮೇ 16ರಂದು, 35ನೇ ವಯಸ್ಸಿನಲ್ಲಿ, ಅವರು ಲಾಸ್ ಏಂಜಲೀಸ್‌ನಲ್ಲಿ ನಿಧನರಾದರು. ಅದನ್ನೂ ನಂಬದ ಕೆಲವು ಅಭಿಮಾನಿಗಳು ಅವರು ಮರಳಿ ಬಂದಾರೆಂದು ದಶಕಗಳ ಕಾಲ ಕಾದರು.