ಆಜ್ಞೆಯೂ ಅದರ ಅಮಲೂ

‘ಆರ್ಡರ್’, ‘ಎಕ್ಸಿಕ್ಯೂಷನ್’ ಎಂಬ ಜೋಡಿ ಪದಗಳು ನ್ಯಾಯಾಲಯ, ಷೇರುಪೇಟೆ, ಗಣಕಯಂತ್ರ ಈ ಮೂರೆಡೆಗಳಲ್ಲಿಯೂ ಬಳಕೆಯಲ್ಲಿವೆ. ಆಜ್ಞೆಯಾಗುವುದು ಒಂದು, ಅದು ಅಮಲಿಗೆ ಬರುವುದು ಮತ್ತೊಂದು. ಇವುಗಳ ನಡುವಣ ಅಂತರವು ಮೂರೆಡೆಗಳಲ್ಲಿ ಮೂರು ಬಗೆಯಾಗಿರುತ್ತದೆ.

ನ್ಯಾಯಾಲಯದಲ್ಲಿ ಈ ಅಂತರ ಅತಿ ದೀರ್ಘವಾದುದು. ದಾವೆ ಗೆದ್ದವನಿಗೆ ಮೊದಲು ದೊರೆಯುವುದು ಡಿಕ್ರಿ ಎಂಬ ಕಾಗದ ಮಾತ್ರ. ಎದುರಾಳಿ ತಾನಾಗಿ ಮಣಿಯದಿದ್ದರೆ, ಜಮೀನಿನ ಸ್ವಾಧೀನಕ್ಕಾಗಲಿ ಹಣದ ವಸೂಲಿಗಾಗಲಿ ಅಮಲ್ಜಾರಿ ಅರ್ಜಿಯನ್ನು ಬೇರೆಯಾಗಿ ಸಲ್ಲಿಸಬೇಕು. ೧೯೦೮ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ೨೧ನೆಯ ಆದೇಶವು ಇದಕ್ಕೆಂದೇ ಮೀಸಲು. ಜಪ್ತಿ, ಹರಾಜು, ಸಾಲಗಾರನ ಬಂಧನ, ಮೂರನೆಯವರ ತಕರಾರು ಎಲ್ಲವೂ ಅದರಲ್ಲಿವೆ. (ಅದೇ ಸಂಹಿತೆಯಲ್ಲಿ ‘ಆದೇಶ’ವೆಂದರೆ ಒಂದೆಡೆ ಡಿಕ್ರಿಯಲ್ಲದ ತೀರ್ಮಾನ, ಇನ್ನೊಂದೆಡೆ ನಿಯಮಗಳ ಅಧ್ಯಾಯ! ಎಳೆಯ ವಕೀಲರು ತಬ್ಬಿಬ್ಬಾದರೆ ಸೋಜಿಗವಿಲ್ಲ.) ಸ್ವತ್ತಿನ ಡಿಕ್ರಿಯ ಅಮಲ್ಜಾರಿಗೆ ೧೨ ವರ್ಷಗಳ ಕಾಲಾವಧಿಯುಂಟು. ತಂದೆ ಗೆದ್ದ ಹೊಲಕ್ಕೆ ಮಗನು ಕಾಲಿಡುವುದು ಅಪರೂಪವೇನಲ್ಲ. ಭಾರತದಲ್ಲಿ ದಾವೆದಾರನ ಕಷ್ಟಗಳು ಡಿಕ್ರಿ ಪಡೆದ ಮೇಲೆಯೇ ಆರಂಭವಾಗುತ್ತವೆಂದು ಪ್ರಿವಿ ಕೌನ್ಸಿಲ್ ೧೮೭೨ರಲ್ಲಿಯೇ ಹೇಳಿತ್ತು. ಬೆಂಗಳೂರಿನ ಸ್ವತ್ತೊಂದರ ವ್ಯಾಜ್ಯದಲ್ಲಿ, ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಇತ್ಯರ್ಥಗೊಳಿಸಬೇಕು, ತಡವಾದರೆ ಕಾರಣವನ್ನು ಬರೆದಿಡಬೇಕು ಎಂದು ಸರ್ವೋಚ್ಚ ನ್ಯಾಯಾಲಯವು ೨೦೨೧ರಲ್ಲಿ ವಿಧಿಸಬೇಕಾಯಿತು. ಹೆಚ್ಚು ಕಡಿಮೆ ಒಂದೂವರೆ ಶತಮಾನ ಕಳೆದರೂ ವ್ಯಾಧಿ ಅದೇ.

ಷೇರುಪೇಟೆಯ ಆರ್ಡರ್ ಆಜ್ಞೆಯೆನ್ನುವುದಕ್ಕಿಂತ ಕೋರಿಕೆ. ‘ಪೇಟೆಯ ದರಕ್ಕೆ ಕೊಳ್ಳಿ’ ಎಂದರೆ ಸಾಮಾನ್ಯವಾಗಿ ಒಡನೆ ಈಡೇರುವುದು, ಆದರೆ ದರ ನಮ್ಮ ಕೈಯಲ್ಲಿಲ್ಲ. ‘೧೦೦ ರೂಪಾಯಿಗೆ ಮೀರದಂತೆ ಕೊಳ್ಳಿ’ ಎಂದರೆ ದರಕ್ಕೆ ಮಿತಿಯುಂಟು, ಕೊಳ್ಳುವಿಕೆಯೇ ಅನಿಶ್ಚಿತ. ಆ ದರಕ್ಕೆ ಮಾರುವವನು ದೊರೆತಾಗಲೇ ಎಕ್ಸಿಕ್ಯೂಷನ್.

ಗಣಕಯಂತ್ರದಲ್ಲಿ ಅಂತರವೇ ಇಲ್ಲವೆನ್ನಬಹುದು. ಅದು ಪ್ರೋಗ್ರಾಮಿನ ಒಂದೊಂದು ಸೂಚನೆಯನ್ನೂ ನೆನಪಿನ ಕೋಶದಿಂದ ತಂದು, ಬಿಡಿಸಿ, ನೆರವೇರಿಸುತ್ತದೆ. ತಕರಾರು ತೆಗೆಯುವ ಪ್ರತಿವಾದಿಯಿಲ್ಲ, ಒಪ್ಪಬೇಕಾದ ಮಾರಾಟಗಾರನಿಲ್ಲ. ಬರೆದವನ ಮನಸ್ಸಿನಲ್ಲಿದ್ದುದು ಅದಕ್ಕೆ ತಿಳಿಯದು, ಬರೆದುದಷ್ಟೇ ತಿಳಿಯುವುದು. ಷೇರು ವ್ಯವಹಾರ ನಡೆಸುತ್ತಿದ್ದ ಅಮೆರಿಕೆಯ ನೈಟ್ ಕ್ಯಾಪಿಟಲ್ ಸಂಸ್ಥೆಯು ೨೦೧೨ರಲ್ಲಿ ತನ್ನ ಎಂಟು ಸರ್ವರುಗಳ ಪೈಕಿ ಏಳರಲ್ಲಿ ಮಾತ್ರ ಹೊಸ ಪ್ರೋಗ್ರಾಮನ್ನು ಅಳವಡಿಸಿತ್ತು. ಎಂಟನೆಯದರಲ್ಲಿ ವರ್ಷಗಳಿಂದ ಬಳಕೆ ತಪ್ಪಿ ಉಳಿದಿದ್ದ ಹಳೆಯ ಪ್ರೋಗ್ರಾಮು ಆಗಸ್ಟ್ ೧ರ ಬೆಳಗ್ಗೆ ಎಚ್ಚೆತ್ತಿತು. ಗ್ರಾಹಕರ ೨೧೨ ಆರ್ಡರುಗಳ ಸಲುವಾಗಿ ಲಕ್ಷಗಟ್ಟಲೆ ಆರ್ಡರುಗಳನ್ನು ಪೇಟೆಗೆ ಕಳುಹಿಸುತ್ತಲೇ ಹೋಯಿತು. ಸುಮಾರು ೪೫ ನಿಮಿಷಗಳಲ್ಲಿ ೪೦ ಲಕ್ಷಕ್ಕೂ ಮಿಕ್ಕ ವ್ಯವಹಾರಗಳು ನಡೆದುಹೋದವು. ನಷ್ಟ ೪೬ ಕೋಟಿ ಡಾಲರುಗಳಿಗೂ ಹೆಚ್ಚು. ದೋಷವನ್ನು ಸರಿಪಡಿಸಲೆಂದು ಸಿಬ್ಬಂದಿಯು ಉಳಿದ ಏಳು ಸರ್ವರುಗಳಿಂದ ಹೊಸದನ್ನು ತೆಗೆದುಹಾಕಿದಾಗ, ಹಳೆಯದು ಅವುಗಳಲ್ಲಿಯೂ ಓಡತೊಡಗಿತು.