ನೋಟದ ಕೂಲಿ, ದುಡಿಮೆಯ ಕೂಲಿ

ಅಂಗಡಿಯ ಮುಂದೆ ಸರಕಿನ ಲಾರಿ ಬಂದು ನಿಲ್ಲುತ್ತದೆ. ಮೂಟೆಗಳನ್ನು ಇಳಿಸಲು ಅಂಗಡಿಯ ಯಜಮಾನನಲ್ಲಿ ತನ್ನವೇ ಆಳುಗಳಿದ್ದಾರೆ. ಆದರೆ ಈ ಕೆಲಸ ತಮಗೇ ಸೇರಿದ್ದೆಂದು ಕೆಲವರು ಅಡ್ಡ ನಿಲ್ಲುತ್ತಾರೆ. ಕೆಲಸ ಕೊಡದಿದ್ದರೆ ನೋಡುತ್ತ ನಿಂತುದಕ್ಕೇ ಹಣ ಕೇಳುತ್ತಾರೆ. ನೆರೆಯ ಕೇರಳದಲ್ಲಿ ಇದಕ್ಕೆ 'ನೋಕ್ಕುಕೂಲಿ' ಎಂದು ಹೆಸರು. ಕಾಸರಗೋಡಿನ ಹಲವು ಧರ್ಮಕೇಂದ್ರಗಳು ಮಂಗಳೂರು ಧರ್ಮಪ್ರಾಂತ್ಯಕ್ಕೇ ಸೇರಿರುವುದರಿಂದ ಈ ವಿಚಾರ ನಮಗೆ ಹೊರಗಿನದಲ್ಲ.

ಇಂತಹ ಅಡ್ಡಿಗೆ ಸಿಲುಕಿದ ವ್ಯಾಪಾರಿಗಳು ಅನೇಕ ಬಾರಿ ಉಚ್ಚ ನ್ಯಾಯಾಲಯದ ಮೊರೆ ಹೊಕ್ಕಿದ್ದಾರೆ. ಸಂವಿಧಾನದ 19ನೆಯ ವಿಧಿ ಪ್ರತಿಯೊಬ್ಬ ನಾಗರಿಕನಿಗೂ ವೃತ್ತಿ ಮತ್ತು ವ್ಯಾಪಾರದ ಸ್ವಾತಂತ್ರ್ಯವನ್ನು ನೀಡಿದೆ. 226ನೆಯ ವಿಧಿ ಆ ಹಕ್ಕಿನ ರಕ್ಷಣೆಗೆ ಉಚ್ಚ ನ್ಯಾಯಾಲಯಕ್ಕೆ ಅಧಿಕಾರ ಕೊಟ್ಟಿದೆ. ಅದರಂತೆ ನ್ಯಾಯಾಲಯವು ಪೊಲೀಸ್ ರಕ್ಷಣೆಯನ್ನು ಆದೇಶಿಸಿದಾಗ ವ್ಯಾಪಾರಿಗೆ ವಿಶೇಷ ಸವಲತ್ತೇನೂ ದೊರೆಯುವುದಿಲ್ಲ. ಎಲ್ಲರಿಗೂ ಇರುವ ಹಕ್ಕು ಅವನಿಗೂ ತಲಪುತ್ತದೆ, ಅಷ್ಟೇ. ಕೇರಳ ಸರಕಾರ 2018ರ ಮೇ 1ರಿಂದ ನೋಕ್ಕುಕೂಲಿಯನ್ನು ನಿಷೇಧಿಸಿತು. ಆದರೂ ಪಿಡುಗು ನಿಲ್ಲಲಿಲ್ಲ. 2021ರಲ್ಲಿ ಅಲ್ಲಿನ ಉಚ್ಚ ನ್ಯಾಯಾಲಯವು ಇಂತಹ ಬೇಡಿಕೆಯನ್ನು ಸುಲಿಗೆಯೆಂದೇ ಪರಿಗಣಿಸಿ ಮೊಕದ್ದಮೆ ಹೂಡಬೇಕೆಂದು ಸೂಚಿಸಿತು.

ಮೇ 1 ಕಾರ್ಮಿಕರ ದಿನ. 1955ರಲ್ಲಿ ಘೋಷಿತವಾದ ಕಾರ್ಮಿಕರಾದ ಸಂತ ಜೋಸೆಫರ ಹಬ್ಬವನ್ನು ಧರ್ಮಸಭೆ ಅದೇ ದಿನ ಆಚರಿಸುತ್ತ ಬಂದಿದೆ. ಆದ್ದರಿಂದ ಹೊರೆ ಹೊರುವವನ ಪಾಡನ್ನೂ ನಾವು ಕಾಣಬೇಕು. ಲಾರಿ ಬಾರದ ದಿನ ಅವನಿಗೆ ಕೂಲಿಯಿಲ್ಲ. ಬೆನ್ನು ಬಾಗಿದ ಮೇಲೆ ಕೇಳುವವರಿಲ್ಲ. ಇಂತಹವರಿಗೆ ಆಸರೆಯಾಗಲೆಂದೇ ಕೇರಳದಲ್ಲಿ 1978ರ ಹೊರೆ ಕಾರ್ಮಿಕರ ಕಾಯಿದೆ ಬಂದಿತು. ಜಗದ್ಗುರು ಹದಿಮೂರನೆಯ ಲಿಯೋ ಅವರು 1891ರ ತಮ್ಮ 'ರೇರುಂ ನೊವಾರುಂ' ಪರಿಪತ್ರದಲ್ಲಿ ಖಾಸಗಿ ಆಸ್ತಿಯ ಹಕ್ಕನ್ನು ಎತ್ತಿಹಿಡಿದರು. ಕಾರ್ಮಿಕರು ಸಂಘ ಕಟ್ಟುವ ಹಕ್ಕನ್ನೂ ಎತ್ತಿಹಿಡಿದರು. ಒಂದನ್ನು ಒಪ್ಪಿ ಇನ್ನೊಂದನ್ನು ಬಿಡುವವನು ಆ ಬೋಧನೆಯನ್ನು ಅರ್ಧ ಮಾತ್ರ ಓದಿದವನು.

ದ್ರಾಕ್ಷಾತೋಟದ ಕೂಲಿಯಾಳುಗಳ ಸಾಮತಿಯನ್ನು ನೆನೆಯೋಣ. ದಿನವಿಡೀ ಸಂತೆಬೀದಿಯಲ್ಲಿ ನಿಂತಿದ್ದವರಿಗೂ ಯಜಮಾನ ಪೂರ್ಣ ಕೂಲಿ ಕೊಟ್ಟನಲ್ಲವೇ ಎಂದು ಕೆಲವರು ಕೇಳಿಯಾರು. ಅವರು ನಿಂತದ್ದು ಯಾರೂ ಕರೆಯದ ಕಾರಣದಿಂದ. ಕರೆ ಬಂದೊಡನೆ ಅವರು ತೋಟಕ್ಕೆ ಹೋದರು, ದುಡಿದರು. ಉಳಿದದ್ದನ್ನು ಯಜಮಾನ ತನ್ನ ಔದಾರ್ಯದಿಂದ ಕೊಟ್ಟನು. ಯಾರೂ ಅದನ್ನು ಬೆದರಿಸಿ ಕಸಿಯಲಿಲ್ಲ. ಔದಾರ್ಯವನ್ನು ಬಲಾತ್ಕಾರದಿಂದ ಪಡೆದರೆ ಕೊಡುವವನ ಪುಣ್ಯವೂ ಪಡೆಯುವವನ ಗೌರವವೂ ಒಟ್ಟಿಗೇ ಅಳಿಯುತ್ತವೆ. ಅದೇ ವೇಳೆ, ಕರೆಯುವವರಿಲ್ಲದೆ ನಿಂತವನ ಹಸಿವನ್ನು ಗಮನಿಸಿದ ಯಜಮಾನನೂ ಆ ಸಾಮತಿಯಲ್ಲಿದ್ದಾನೆ. ಇದನ್ನು ವ್ಯಾಪಾರಿಗಳು ಮರೆಯಬಾರದು.

ಪ್ರತಿಯೊಬ್ಬನಿಗೂ ಸಲ್ಲಬೇಕಾದುದನ್ನು ಸಲ್ಲಿಸುವ ಸ್ಥಿರಸಂಕಲ್ಪವೇ ನ್ಯಾಯವೆಂದು ಸಂತ ಥಾಮಸ್ ಅಕ್ವಿನಾಸರು ಬೋಧಿಸಿದರು. ಸಂಕಲ್ಪ ಮನಸ್ಸಿನೊಳಗೆ ಹುಟ್ಟಬೇಕಾದದ್ದು. ಪೊಲೀಸರು ಲಾರಿಗೆ ದಾರಿ ಬಿಡಿಸಬಲ್ಲರು, ಮನಸ್ಸಿಗೆ ದಾರಿ ಬಿಡಿಸಲಾರರು. ಅವರು ಠಾಣೆಗೆ ಮರಳಿದ ಮೇಲೆ ಅದೇ ಬೀದಿಯಲ್ಲಿ ಅಂಗಡಿಯವನೂ ಹಮಾಲಿಯೂ ಮುಖಾಮುಖಿಯಾಗಿ ಬಾಳಬೇಕು.

ಆದುದರಿಂದ ವ್ಯಾಪಾರಿಯು ಕೆಲಸವಿರುವಾಗ ಊರಿನ ಹಮಾಲಿಗಳನ್ನು ಕರೆಯಲಿ, ನಿಗದಿಯಾದ ಕೂಲಿಯನ್ನು ಕಡಿತಗೊಳಿಸದೆ ಕೊಡಲಿ. ಕಾರ್ಮಿಕನು ದುಡಿಯದ ಕೂಲಿಗೆ ಕೈಯೊಡ್ಡದಿರಲಿ. ತಕರಾರಿದ್ದರೆ ಕಾರ್ಮಿಕ ಅಧಿಕಾರಿಯ ಬಳಿ ಒಯ್ಯಲಿ. ನೆರೆಯವರಾದ ನಮಗೂ ಒಂದು ಹೊಣೆಯಿದೆ. ಒಬ್ಬನ ಬಾಗಿಲಿಗೆ ಅಡ್ಡ ನಿಂತವರನ್ನು ಕಂಡೂ ಸುಮ್ಮನೆ ಹಾದುಹೋಗುವವರು ನಾವಾದರೆ, ನಾವೂ ಬರಿದೇ ನೋಡುತ್ತ ನಿಂತವರೇ. ಇಬ್ಬರನ್ನೂ ಕೂರಿಸಿ ಸಕಾಲದಲ್ಲಿ ಒಂದು ಮಾತು ಆಡುವ ನೆರೆಯವರಿದ್ದರೆ ಎಷ್ಟೋ ವ್ಯಾಜ್ಯಗಳು ನ್ಯಾಯಾಲಯದ ಮೆಟ್ಟಿಲೇರುವ ಮೊದಲೇ ತೀರಿಯಾವು.